ದೊರೆ ಇಸಾರ್ನನ ಹಿಂದೆ ಬಂದ ಹೆಜ್ಜೆ

ನಗಬೇಕು ಅನ್ನಿಸಿದರೆ ಈಗಲೇ ನಕ್ಕುಬಿಡಿ. ಆಮೇಲೆ ನಗು ಬರೋದಿಲ್ಲ. ಇದು ಯಾರೋ ಹೇಳಿದ್ದಲ್ಲ, ನನ್ನ ದೊಡ್ಡಮ್ಮನ ಮಗ ಪೇರೋಗೆ ಆದದ್ದು. ಅವನು ಕಾಝಾಲ್ ಕೋಟೆಮನೆಯಲ್ಲಿ ಕುದುರೆ ನೋಡಿಕೊಳ್ಳುತ್ತಿದ್ದ. ನಾನು ಅಲ್ಲೇ ಬಟ್ಟೆ ಒಗೆಯುತ್ತಿದ್ದೆ. ಕಡೆಯ ಪಾಲು ನಾನೇ ಕಂಡದ್ದು.

ಆ ಕೋಟೆಮನೆಯ ದೊರೆ ಇಸಾರ್ನ್ ಹುಟ್ಟಾ ಕೆಟ್ಟವನೇನಲ್ಲ. ಮೀಸೆ ಮೂಡುವ ಮೊದಲೇ ಕೈಗೆ ಕತ್ತಿ ಬಂತು. ಅಪ್ಪ, ಅಣ್ಣ ಇಬ್ಬರೂ ಕೀರ್ತನೆಯವರ ಗುಂಡೇಟಿಗೆ ಸತ್ತರು. ಆಗ ನಮ್ಮ ಸೀಮೆಯಲ್ಲಿ ಇದ್ದದ್ದು ಎರಡೇ ಪಂಗಡ. ಇಬ್ಬರೂ ಕ್ರೈಸ್ತರೇ, ಪಾದ್ರಿಯ ಬಲಿಪೂಜೆಗೆ ಹೋಗುವ ನಾವು, ಅದನ್ನು ಬಿಟ್ಟು ಕೀರ್ತನೆ ಹಾಡುವ ಹ್ಯೂಗೆನೊಗಳು. ರಾಜ ಒಂದು ವರ್ಷ ಸಂಧಿ ಅನ್ನುತ್ತಿದ್ದ, ಮರುವರ್ಷ ಯುದ್ಧ ಅನ್ನುತ್ತಿದ್ದ. ಅವೆರಡರ ಸಂದಿಯಲ್ಲಿ ನಾವು ಬಿತ್ತಿ ಬೆಳೆಯಬೇಕಿತ್ತು.

ಒಂದು ಚಳಿಗಾಲ ದೊರೆ ಪಕ್ಕದ ಕೀರ್ತನೆಯವರ ಹಳ್ಳಿಯನ್ನು ಮುತ್ತಿದ. ಅವರು ಬಾಗಿಲು ತೆಗೆಯಲಿಲ್ಲ. ಕೊನೆಗೆ ದೊರೆ ಕೈಗವಸು ಬಿಚ್ಚಿ, ಗೋಡೆಯ ಕಿಂಡಿಯಲ್ಲಿ ಕೈ ತೂರಿಸಿ, ಅವರ ಹಿರಿಯನಾದ ಎಲಿ ಅನ್ನುವ ನೇಕಾರನ ಕೈ ಹಿಡಿದು ಮಾತು ಕೊಟ್ಟ. ಹೊರಗೆ ಬನ್ನಿ, ಯಾರ ಕೂದಲೂ ಕೊಂಕುವುದಿಲ್ಲ ಅಂದ. ಬಂದರು. ಅದೇ ಸಂಜೆ ಗಂಡಸರನ್ನೆಲ್ಲ ಓಕ್ ಮರದ ಹತ್ತಿರದ ಬಾವಿಗೆ ನಡೆಸಿಕೊಂಡು ಹೋಗಿ... ತಳ್ಳಿದರು. ಮೇಲೆ ಕಲ್ಲು ತುಂಬಿದರು. ಸಿಪಾಯಿಗಳೇ ದೊರೆಯ ಮಾತು ಮೀರಿ ಮಾಡಿದರು ಅಂತ ಕೆಲವರು ಹೇಳಿದರು. ದೊರೆ ಹೌದು ಅನ್ನಲಿಲ್ಲ, ಅಲ್ಲ ಅಂತಲೂ ಅನ್ನಲಿಲ್ಲ. ಆವತ್ತಿನಿಂದ ಆ ದಾರಿ ಮಾತ್ರ ತುಳಿಯಲಿಲ್ಲ. ಎಷ್ಟೇ ಹೊತ್ತಾಗಲಿ, ಸೇತುವೆ ಸುತ್ತಿಕೊಂಡೇ ಬರುತ್ತಿದ್ದ.

ವರ್ಷಗಳು ಕಳೆದವು. ದೊರೆಯ ಹೆಂಡತಿ ಬ್ಲಾಂಶಮ್ಮನಿಗೆ ಹೆರಿಗೆ ನೋವು ಬಂತು. ಹಿಂದಿನ ಕೂಸುಗಳು ಯಾವುದೂ ಉಳಿದಿರಲಿಲ್ಲ. ಈ ಸಲ ಮಗು ಅಡ್ಡ ತಿರುಗಿತ್ತು. ಬೆಳಗಿನಿಂದ ಕೂಗಿ ಕೂಗಿ, ಕತ್ತಲಾಗುವ ಹೊತ್ತಿಗೆ ಆಕೆಯ ದನಿಯೇ ಅಡಗಿತು. ನಮ್ಮ ಸೂಲಗಿತ್ತಿ ಕೈಚೆಲ್ಲಿ ಕೂತಳು. ಇದು ಜುದಿತ್ ಒಬ್ಬಳ ಕೈಲಿ ಆದರೆ ಆದೀತು ಅಂದಳು. ಜುದಿತ್ ಅಂದರೆ ಕೀರ್ತನೆಯವರ ಸೂಲಗಿತ್ತಿ, ಆ ಎಲಿಯ ವಿಧವೆ.

ಆಳು ಕಳಿಸಿದರೆ ಬಾಗಿಲು ಹಾಕಿಕೊಂಡಳು. ದೊರೆ ತಾನೇ ಹೊರಟ. ಲಾಟೀನು ಹಿಡಿದು ಜೊತೆಗೆ ಪೇರೋ.

ಜುದಿತ್ ಹೊಸ್ತಿಲಲ್ಲಿ ನಿಂತು ನೋಡಿದಳಂತೆ. ದೊರೆ ಟೋಪಿ ತೆಗೆದು ಬೇಡಿಕೊಂಡ. ಅವಳು ಒಳಗೆ ಹೋಗಿ ಶಾಲು ಹೊದ್ದು ಬಂದಳು.

"ಬರ್ತೀನಿ. ಕೂಸೇನು ಮಾಡಿತ್ತು ಪಾಪ. ಆದರೆ ಬಾವಿ ದಾರೀಲಿ ಹೋಗೋಣ."

"ಸೇತುವೆ ದಾರಿ ಚೆನ್ನಾಗಿದೆ. ನಿನಗೆ ಅಂತ ಕುದುರೆ ತಂದಿದ್ದೀನಿ."

"ನನ್ನ ಗಂಡನ್ನ ಕುದುರೆ ಮೇಲೆ ಕರ್ಕೊಂಡು ಹೋದ್ರಾ, ಧಣಿ? ಅದನ್ನ ಇಲ್ಲೇ ಕಟ್ಟಿ. ನಡೀರಿ."

ನಡೆದರು. ಮುಂದೆ ಅವಳ ಮರದ ಪಾದುಕೆ, ಟೊಕ್... ಟೊಕ್. ನಡುವೆ ದೊರೆಯ ಬೂಟು, ಮಂಜುಗಟ್ಟಿದ ನೆಲದ ಮೇಲೆ ಕಿರ್... ಕಿರ್. ಕೊನೆಯಲ್ಲಿ ಪೇರೋ, ಕಾಲಿಗೆ ಗೋಣಿ ಸುತ್ತಿಕೊಂಡಿದ್ದ, ಸದ್ದೇ ಇಲ್ಲ.

ಓಕ್ ಮರ ಬಂತು. ಬಾವಿ ಬಂತು. ಜುದಿತ್ ನಿಲ್ಲಲಿಲ್ಲ, ತಲೆ ಮಾತ್ರ ಬಾಗಿಸಿದಳು. ಆಗ ಕಲ್ಲುಗಳ ಅಡಿಯಿಂದ... ತೊಟ್. ಸ್ವಲ್ಪ ತಡೆದು ಮತ್ತೆ... ತೊಟ್. ಬಟ್ಟೆ ಹಿಂಡಿ ನೇತು ಹಾಕಿದರೆ ನೀರು ತೊಟ್ಟಿಕ್ಕುತ್ತದಲ್ಲ, ಹಾಗೆ.

ದಾಟಿದರು. ಬೆನ್ನ ಹಿಂದೆ ಇನ್ನೊಂದು ಸದ್ದು. ಪಚಕ್... ಪಚಕ್. ಒದ್ದೆ ಬರಿಗಾಲು. ಇವರು ನಿಂತರೆ ಅದೂ ನಿಲ್ಲುತ್ತಿತ್ತು.

"ಹಿಂದೆ ಯಾರೋ..." ಅಂದ ಪೇರೋ.

"ತಿರುಗಬೇಡ," ಅಂದಳು ಜುದಿತ್, ಪಿಸುದನಿಯಲ್ಲಿ. "ಬಂದಿರೋದು ನಿನಗಾಗಿ ಅಲ್ಲ."

ದೊರೆಯ ಬೂಟಿನ ಸದ್ದು ತಾಳ ತಪ್ಪಿತು ಅಂತಾನೆ ಪೇರೋ.

ಇನ್ನು ಮುಂದಿನದು ನಾನು ಕಂಡದ್ದು. ನಾನು ಬಿಸಿನೀರಿನ ಕೊಡ ಹಿಡಿದು ಹಜಾರದಲ್ಲಿದ್ದೆ. ಮೂವರೂ ಒಳಗೆ ಬಂದರು. ದೊರೆ ಬಾಗಿಲ ಅಗುಳಿಗೆ ಕೈ ಹಾಕಿದ.

"ಬೇಡಿ," ಅಂದಳು ಜುದಿತ್. "ಅವರ ಬಾಗಿಲು ತೆಗೆಸಿದ್ದು ನೀವು. ನಿಮ್ಮದು ತೆಗೆದೇ ಇರಲಿ." ನನ್ನ ಕೈಯಿಂದ ಕೊಡ ಕಸಿದುಕೊಂಡು ಮೇಲೆ ಹತ್ತಿದಳು.

ಚಳಿ ಒಳಗೆ ನುಗ್ಗಿತು. ಆಮೇಲೆ ಹಾಸುಗಲ್ಲಿನ ಮೇಲೆ... ಪಚಕ್. ಏನೂ ಕಾಣಲಿಲ್ಲ. ದೀಪ ಅಲುಗಲಿಲ್ಲ. ಸದ್ದು ನನ್ನ ಪಕ್ಕದಲ್ಲೇ ಹಾದು ಮೆಟ್ಟಿಲ ಕಡೆ ಹೋಯಿತು. ದೊರೆ ಓಡಿ ಮೆಟ್ಟಿಲಿಗೆ ಅಡ್ಡ ನಿಂತ, ಎರಡೂ ಗೋಡೆಗೆ ಕೈ ಕೊಟ್ಟು. ಹೆಜ್ಜೆ ಒಂದೊಂದೇ ಮೆಟ್ಟಿಲು ಹತ್ತಿತು. ಅವನ ಎದೆಯ ಮುಂದೆ ನಿಂತಿತು.

"ಮೇಲೆ ಹೋಗಬೇಡ, ಎಲಿ," ಅಂದ. "ಸಿಪಾಯಿಗಳಲ್ಲ. ಮಾತು ಕೊಟ್ಟೋನು ನಾನು, ತಳ್ಳಿ ಅಂದೋನೂ ನಾನೇ. ಮಗುವನ್ನ ಬಿಡು."

ಮೇಲಿಂದ ಒಂದು ಸದ್ದೂ ಇಲ್ಲ. ದೊರೆ ಕೈಗವಸು ಬಿಚ್ಚಿ ಬರಿಗೈ ಮುಂದೆ ಚಾಚಿದ. ತೂಕದ್ದೇನೋ ಹಿಡಿದ ಹಾಗೆ ಆ ಕೈ ಕೆಳಗೆ ಜಗ್ಗಿತು. ಅವನ ತುಟಿ ನೀಲಿಯಾಯಿತು. ಕೈ ಎಳೆದುಕೊಳ್ಳಲಿಲ್ಲ. ಎಷ್ಟು ಹೊತ್ತೋ ಹಾಗೇ ನಿಂತಿದ್ದ... ಅಷ್ಟರಲ್ಲಿ ಮೇಲೆ ಕೂಸು ಅತ್ತಿತು. ಕೈ ಸಡಿಲವಾಯಿತು. ದೊರೆ ಅಲ್ಲೇ ಕುಸಿದ.

ಹಿಂತಿರುಗಿ ಹೋದ ಹೆಜ್ಜೆ ಮಾತ್ರ ನನಗೆ ಕೇಳಲಿಲ್ಲ.

ಜುದಿತ್ ಕೈ ಒರೆಸಿಕೊಳ್ಳುತ್ತ ಇಳಿದು ಬಂದಳು. ಹೆಣ್ಣುಮಗು, ತಾಯಿಯೂ ಉಳಿದಳು ಅಂದಳು. ದೊರೆಯನ್ನು ದಾಟಿ, ನನ್ನ ಕಣ್ಣಿಗೆ ಖಾಲಿಯಿದ್ದ ಒಂದು ಮೆಟ್ಟಿಲ ಹತ್ತಿರ ತಡೆದು, ಅಲ್ಲಿ ಕೂತ ಯಾರಿಗೋ ಕಾಲು ತಾಗದ ಹಾಗೆ ಲಂಗ ಎತ್ತಿ, ಗೋಡೆಗೆ ಒರಗಿ ಇಳಿದು ಹೋದಳು.

ಆ ವಾರವೇ ದೊರೆ ಬಾವಿಗೆ ತುಂಬಿದ್ದ ಕಲ್ಲು ತೆಗೆಸಿದ. ತಳದವರೆಗೂ ಒಣ ಮಣ್ಣು, ಹನಿ ನೀರಿಲ್ಲ. ಮೂಳೆಗಳನ್ನು ಅವರವರ ಕಡೆಯವರಿಗೇ ಒಪ್ಪಿಸಿದ. ಅವರು ಕೀರ್ತನೆ ಹಾಡಿ ಮಣ್ಣು ಮಾಡುವಾಗ ಟೋಪಿ ಕೈಲಿ ಹಿಡಿದು ದೂರ ನಿಂತಿದ್ದ. ಅದಕ್ಕೇ ನಮ್ಮ ಪಾದ್ರಿ ಅವನಿಗೆ ಪ್ರಸಾದ ಕೊಡುವುದನ್ನು ನಿಲ್ಲಿಸಿದರು. ಮೇಲಿನವರು ಅವನ ದಂಡು ಕಿತ್ತುಕೊಂಡರು. ಅವನು ಮತ್ತೆ ಕತ್ತಿ ಮುಟ್ಟಲಿಲ್ಲ.

ಆದರೆ ಜುದಿತ್ ತಡೆದು ದಾಟಿದ ಆ ಮೆಟ್ಟಿಲು ಒಣಗಲಿಲ್ಲ. ಒರೆಸಿದೆ, ಬೂದಿ ಹಾಕಿದೆ, ಮತ್ತೆ ತೇವ. ಬ್ಲಾಂಶಮ್ಮ ಆ ಕಲ್ಲನ್ನೇ ಕೀಳಿಸಿ, ಗಣಿಯಿಂದ ಬೇರೆ ಕಲ್ಲು ತರಿಸಿ ಹಾಕಿಸಿದರು. ನಂಬೋದು ಬಿಡೋದು ನಿಮ್ಮಿಷ್ಟ. ಸುಗ್ಗಿಯ ಬಿಸಿಲಲ್ಲಿ, ಊರೆಲ್ಲ ನೀರಿಗೆ ಬಾಯಿ ಬಿಡುತ್ತಿದ್ದಾಗ, ನಾನೇ ಅಂಗೈ ಊರಿ ನೋಡಿದ್ದೀನಿ. ಹೊಸ ಕಲ್ಲೂ ಒದ್ದೆ.