ಇಬ್ಬರು ಪೊಲೀಸರು ಬೇಕು

ಅಂಜನಾಪುರದಿಂದ ಶಿಕಾರಿಪುರಕ್ಕೆ ಹೊರಟ ಬಸ್ಸಿನಲ್ಲಿ, ನನ್ನ ಮುಂದಿನ ಸೀಟಿನಲ್ಲಿ ಒಬ್ಬ ವಿಧವೆಯೂ ಅವಳ ಮೈದುನನೂ ಕೂತಿದ್ದರು.

“ಅತ್ತಿಗೆ, ಪೊಲೀಸ್ ಬಂದೋಬಸ್ತಿಗೆ ಇವತ್ತು ಕೋರ್ಟಿನಾಗೆ ಆರ್ಡರ್ ಆಗ್ತೈತಾ?”

“ಆಗ್ಲೇಬೇಕು ಮಾರಪ್ಪ. ನಿಮ್ಮಣ್ಣನ ಪಾಲಿನ ಭತ್ತ ಉದುರಾಕ ಹತ್ತೈತಿ. ಈ ವಾರ ಕೊಯ್ಯದಿದ್ರೆ ಮಕ್ಕಳು ಏನ್ ತಿನ್ನಬೇಕು?”

“ಹಂಗಾರೆ ಇಬ್ರು ಪೊಲೀಸ್ರನ್ನ ಕೇಳು. ಒಬ್ಬ ಸಾಲಲ್ಲ.”

“ಹೆದರ್ಸಾನೂ ನೀನೇ, ಬುದ್ಧಿ ಹೇಳಾನೂ ನೀನೇ.”

“ನಿನ್ನ ಗದ್ದೆಗೆ ಕುಡುಗೋಲು ಇಳಿಸಾಕ ಬಿಡಲ್ಲ ಅಂತ ಊರ ಮುಂದೆ ಮೀಸೆ ತಿರುವೀನಿ. ಒಬ್ಬ ಪೊಲೀಸನಿಗೆ ಹೆದರಿ ಹಿಂದೆ ಸರದ್ರೆ ಮಂದಿ ನಗ್ತಾರೆ. ಇಬ್ರಾದ್ರೆ ಯಾರೂ ನಗಲ್ಲ.”

“ಆಡಿದ ಮಾತು ವಾಪಸ್ ತಗೊಂಡ್ರೆ ಈ ಓಡಾಟನೇ ತಪ್ತೈತಿ.”

“ಮೀಸೆ ತಿರುವಿದ್ ಮ್ಯಾಲೆ ಹೆಂಗ್ ತಗೊಳ್ಲಿ?”

ಅವಳು ಕಿಟಕಿಯ ಕಡೆ ತಿರುಗಿದಳು. ಅವನೇ ಕೇಳಿದ:

“ಪೊಲೀಸ್ರಿಗೆ ಅಡಿಗೆ ಏನ್ ಮಾಡ್ತಿ?”

“ಕೋಳಿ.”

“ಹಿತ್ತಲ ಗೋಡೆ ಮ್ಯಾಲಿಂದ ನನಗೂ ಒಂದ್ ಬಟ್ಟಲು ದಾಟ್ಸು.”

ಬಸ್ಸು ನಿಂತಿತು. ಅವಳ ಗಂಟನ್ನು ಅವನೇ ಕೆಳಗಿಳಿಸಿ ಕೊಟ್ಟ. ಅಲ್ಲಿ ಕಾದಿದ್ದ ಅವಳ ವಕೀಲರನ್ನು ಕಂಡೊಡನೆ ಎರಡು ಹೆಜ್ಜೆ ದೂರ ಸರಿದು ಮೀಸೆ ತಿರುವಿದ.

“ಗದ್ದೆಗೆ ಇಳಿ, ನೋಡ್ಕೋತೀನಿ.”

“ಕೇಳಿದ್ರಲ್ಲ ಸ್ವಾಮಿ,” ಎಂದಳು ಅವಳು ವಕೀಲರಿಗೆ, ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು. “ಇಂಥೋನಿಗೆ ಒಬ್ಬ ಪೊಲೀಸ್ ಸಾಲ್ತಾನೇನ್ರೀ?”

ಮೂವರೂ ಕೋರ್ಟಿನ ಕಡೆ ನಡೆದರು, ಅವನು ಹತ್ತು ಮಾರು ಹಿಂದೆ.