ಒಂದೇ ಇಟ್ಟಿಗೆಯ ಗೋಡೆ

…ಏಳು, ಟಿಲ್ಲೀ, ಏಳು! ಎಂಟಲ್ಲ. ಬಾಂಬಿಗೆ ಸತ್ತವರ ನೆನಪಿನ ಕಲ್ಲಿನ ಮೇಲೆ ಏಳೇ ಹೆಸರು ಕೆತ್ತಿದ್ದಾರೆ, ಬಟ್ಟೆ ಹೊದಿಸೋ ಮುಂಚೆ ನಾನೇ ಹೋಗಿ ಓದಿ ಬಂದಿದ್ದೀನಿ. ಪಕ್ಕದ ಮನೆಯ ವೆಸೆಲ್‌ಕಾಂಪರು ಏಳು ಜನ. ಆ ಪೋಲಿಷ್ ಕೆಲಸದವಳನ್ನ ಯಾಕೆ ಸೇರಿಸ್ತೀಯ? ಅವಳು ಆ ನೆಲಮಾಳಿಗೆಯಲ್ಲಿ ಇರಲೇಬಾರದಿತ್ತು. ಹೊರನಾಡಿನ ಆಳುಗಳು ಜರ್ಮನ್ನರ ಜೊತೆ ಕೂರೋ ಹಾಗಿಲ್ಲ ಅಂತ ಆಗ ನಿಯಮವೇ ಇತ್ತು. ಮುದುಕಿ ವೆಸೆಲ್‌ಕಾಂಪ್ ಯಾವ ನಿಯಮ ಕೇಳಿದ್ದಳು? ಏನಂದೆ? ಹೆಸರಾ? ಅವಳ ಹೆಸರು ನಿನಗೆ ಇನ್ನೂ ನೆನಪಿದೆಯಾ!… ಬೇಡ, ಹೇಳಬೇಡ. ನನಗೆ ತಿಳಿಯೋದು ಬೇಕಿಲ್ಲ.

ಬೆನ್ನು ನೆಟ್ಟಗೆ ಮಾಡಿ ಕೂತ್ಕೋ. ನಿನಗೆ ಮೂವತ್ತಾರು ವರ್ಷ ಆಯಿತು, ಇನ್ನೂ ಮೂಟೆ ಇಟ್ಟ ಹಾಗೆ ಕೂರ್ತೀಯ. ಕಾನ್ವೆಂಟಿನಲ್ಲಿ ಸಿಸ್ಟರ್ ನಮ್ಮ ಬೆನ್ನಿಗೂ ಕುರ್ಚಿಗೂ ನಡುವೆ ಒಂದು ಕಾಗದ ಇಡ್ತಿದ್ದರು. ಅದು ಸಿಕ್ಕಿಕೊಂಡರೆ, ಅಂದರೆ ನಾವು ಒರಗಿದರೆ, ರಾತ್ರಿ ಊಟ ಇಲ್ಲ. ನಿನಗೆ ಆ ಭಾಗ್ಯ ಬರಲಿಲ್ಲ. ಯುದ್ಧ ಬಂತು, ಕಾನ್ವೆಂಟು ಮುಚ್ಚಿತು, ನೀನು ಹೀಗಾದೆ.

ಪ್ಲಮ್ ಕೇಕಿಗೆ ಕೆನೆ ಇಲ್ಲವಾ? ಭಾನುವಾರ ಅಕ್ಕ ಮನೆಗೆ ಬಂದರೆ ಕೆನೆ ಇಲ್ಲ… ಇರಲಿ. ನಾನು ತಿನ್ನೋಕೆ ಬಂದಿಲ್ಲ.

ನಾಲ್ಕು ಗಂಟೆಗೆ ಕಲ್ಲಿನ ಮೇಲಿನ ಬಟ್ಟೆ ಸರಿಸ್ತಾರೆ. ಪಾದ್ರಿಗಳ ಪ್ರಾರ್ಥನೆ, ಮೇಯರ್ ಎರಡು ಮಾತು, ಆಮೇಲೆ ನಮ್ಮ ಯಜಮಾನರು. ಇಡೀ ಮುನ್ಸ್ಟರ್ ಊರಿಗೆ ಬೇಕಾದ ನ್ಯಾಯಾಧೀಶರು, ಅವರು ಮಾತಾಡದೆ ಆಗುತ್ತದೆಯೇ? ಅಲ್ಲಿಗೆ ಮುಗಿಯಬೇಕು. ಮುಗಿಯುತ್ತಿತ್ತು. ಆದರೆ ಆ ನೋಲ್ಟೆ ಮೇಷ್ಟ್ರು ಇದ್ದಾನಲ್ಲ! ಕತ್ತಿಗೆ ಟೈ ಇಲ್ಲ, ಕಿವಿ ಮುಚ್ಚೋ ಕೂದಲು. ಬಾಂಬು ಬಿದ್ದಾಗ ಚಡ್ಡಿ ಹಾಕಿಕೊಳ್ಳೋಕೂ ಬಾರದ ಮೂರು ವರ್ಷದವನು. ಈಗ ನಮಗೆ ಯುದ್ಧದ ಪಾಠ ಹೇಳ್ತಾನೆ! "ಪಕ್ಕದ ನೆಲಮಾಳಿಗೆಯಲ್ಲಿ ಉಳಿದವರಲ್ಲಿ ಒಬ್ಬರು ಅವತ್ತಿನ ದಿನವನ್ನ ಹೇಳಲಿ" ಅಂತ. ನಾನಿದ್ದೀನಿ. ವಾಯುದಾಳಿಯ ಹೊತ್ತಿಗೆ ನಮ್ಮ ಕಟ್ಟಡದ ಜವಾಬ್ದಾರಿಯನ್ನ ಸರಕಾರ ಕೊಟ್ಟಿದ್ದು ನನಗೆ. ನನ್ನನ್ನ ಬಿಟ್ಟು ನಿನ್ನನ್ನ ಕೇಳಿದನಲ್ಲ! ನೀನೂ ಆಗಲಿ ಅಂದುಬಿಟ್ಟೆಯಲ್ಲ!

ಅದಕ್ಕೇ ಬರೆದು ತಂದಿದ್ದೀನಿ. ನಾಲ್ಕು ಸಾಲು. ತಗೋ, ಓದು… ಕೈ ಚಾಚೋಲ್ಲವಾ? ಸರಿ, ನಾನೇ ಓದ್ತೀನಿ. "ಬಾಂಬು ವೆಸೆಲ್‌ಕಾಂಪ್ ಮನೆಯ ಮೇಲೆ ನೇರವಾಗಿ ಬಿತ್ತು. ಎಲ್ಲರೂ ಆ ಕ್ಷಣವೇ ತೀರಿಕೊಂಡರು. ನಮಗೆ ಯಾವ ಸದ್ದೂ ಕೇಳಿಸಲಿಲ್ಲ. ದೇವರು ಅವರಿಗೆ ಶಾಂತಿ ಕೊಡಲಿ." ಇಷ್ಟೇ. ಮಗುವೂ ಹೇಳಬಹುದು.

ಯಾಕೆ ನಗ್ತೀ?

ನಗಬೇಡ! ಆ ನಗು ನನಗೆ ಗೊತ್ತು. ಆ ಮಾನಸಿಕ ಆಸ್ಪತ್ರೆಯಲ್ಲೂ ಹೀಗೇ ನಗ್ತಿದ್ದೆ. ಡಾಕ್ಟರು ಏನು ಹೇಳಿದ್ದರು? ನೀನು ಕೇಳಿದ್ದು ನೀರಿನ ಕೊಳಾಯಿಯ ಸದ್ದು, ಮಗುವಿನ ಮನಸ್ಸು ಅದನ್ನ ಬೇರೇನೋ ಮಾಡಿಕೊಂಡಿತು, ನರದ ದೌರ್ಬಲ್ಯ ಅಂದರು. ಕಾಗದದ ಮೇಲೆ ಬರೆದುಕೊಟ್ಟಿದ್ದಾರೆ. ಏನು?… ಅವತ್ತು ಬೆಳಿಗ್ಗೆಯಿಂದ ಕೊಳಾಯಿಯಲ್ಲಿ ನೀರೇ ಇರಲಿಲ್ಲ ಅಂತೀಯಾ? ಅಪ್ಪ ಪಂಪಿನಿಂದ ಬಕೆಟ್ ತುಂಬಿ ತಂದರು ಅಂತೀಯಾ? ಹಾಗಾದರೆ ಗಾಳಿ. ಖಾಲಿ ಕೊಳಾಯಿಯಲ್ಲಿ ಗಾಳಿ ಬಡಿಯುತ್ತೆ. ಅಷ್ಟೂ ತಿಳಿಯದಾ?

ಎರಡು ವರ್ಷ ಆ ಆಸ್ಪತ್ರೆಯಲ್ಲಿ ಇದ್ದೆ. ತಿಂಗಳಿಗೊಮ್ಮೆ ಯಾರು ಬಂದು ನೋಡಿದ್ದು? ನಾನು. ಆ ಬರ್ನಾರ್ಡ್ ನಿನ್ನನ್ನ ಮದುವೆ ಆಗ್ತೀನಿ ಅಂದಾಗ ಹೋಗಿ ಇದ್ದದ್ದನ್ನ ಇದ್ದ ಹಾಗೆ ಹೇಳಿದ್ದು ಯಾರು? ನಾನೇ. ಹೌದು, ಹೇಳಿದೆ! ಒಬ್ಬ ಒಳ್ಳೆಯ ಹುಡುಗನಿಗೆ ಮೋಸ ಮಾಡೋದು ಪಾಪ. ಬಾಗಿಲು ತಟ್ಟಿದರೆ ಮೇಜಿನ ಕೆಳಗೆ ಹೋಗಿ ಕೂರೋ ಹೆಂಡತಿ ಯಾರಿಗೆ ಬೇಕು? ಅವನು ಮತ್ತೆ ಬರಲಿಲ್ಲ ಅಂದರೆ ಅದು ನನ್ನ ತಪ್ಪಾ?

ಅಳ್ತೀಯಾ? ಇಲ್ಲ. ಒಳ್ಳೆಯದು. ನಮ್ಮ ಮನೆಯಲ್ಲಿ ಯಾರೂ ಅಳೋದಿಲ್ಲ.

ನೋಲ್ಟೆ ಗೋಡೆಯ ವಿಷಯ ಕೇಳ್ತಾನೆ, ಕೇಳೇ ಕೇಳ್ತಾನೆ. ಅವನಿಗೆ ಗೊತ್ತಿರಲಿಲ್ಲ, ನಮ್ಮವರೇ ಬಾಯಿ ತಪ್ಪಿ ಹೇಳಿಬಿಟ್ಟರು. ಬೀದಿಯ ಎಲ್ಲ ನೆಲಮಾಳಿಗೆಗಳ ನಡುವೆ ಗೋಡೆ ಒಡೆದು ಒಂದೇ ಇಟ್ಟಿಗೆ ದಪ್ಪದಲ್ಲಿ ಮತ್ತೆ ಕಟ್ಟಿದ್ದರು, ಒಂದು ಮನೆ ಬಿದ್ದರೆ ಪಕ್ಕದ ಮನೆಗೆ ತೂರಿಕೊಳ್ಳಲಿ ಅಂತ. "ಹಾಗಾದರೆ ಆ ಗೋಡೆ ಯಾಕೆ ಒಡೆಯಲಿಲ್ಲ, ಅಮ್ಮಾ?" ಅಂದ. ಅಮ್ಮಾ! ಅವನ ಅಮ್ಮ ಅಲ್ಲ ನಾನು. "ಸತ್ತವರಿಗೆ ದಾರಿ ಯಾಕಪ್ಪಾ?" ಅಂದೆ.

ಪಿಕಾಸಿಯಾ? ಯಾವ ಪಿಕಾಸಿ?… ಹೂಂ, ಗೋಡೆಯ ಪಕ್ಕ ಒಂದು ಇಟ್ಟಿರ್ತಿದ್ದೆವು, ಎಲ್ಲರ ಮನೆಯಲ್ಲೂ ಇತ್ತು. ನೀನು ಎತ್ತಿಕೊಂಡೆ, ನಾನು ಕಿತ್ತುಕೊಂಡೆ. ಹನ್ನೊಂದು ವರ್ಷದವಳು ಕಾಲ ಮೇಲೆ ಹಾಕಿಕೊಂಡರೆ? ನಿನ್ನ ಒಳ್ಳೆಯದಕ್ಕೇ ಕಿತ್ತುಕೊಂಡೆ. ಅದಕ್ಕೆ ಕೆನ್ನೆಗೂ ಒಂದು ಕೊಟ್ಟೆ, ಇಲ್ಲ ಅನ್ನೋಲ್ಲ.

ಸದ್ದಿಲ್ಲದಿದ್ದರೆ ನಾನು ಪಿಕಾಸಿ ಯಾಕೆ ಎತ್ತಿದೆ ಅಂತ ಕೇಳ್ತೀಯಾ? ನೋಡು, ನೋಡು, ವಕೀಲೆ ಆಗಿದ್ದಾಳೆ!

ಸರಿ. ಸದ್ದಿತ್ತು ಅಂತಲೇ ಇಟ್ಟುಕೋ. ವಾದಕ್ಕೆ ಹೇಳ್ತೀನಿ, ಬರೀ ವಾದಕ್ಕೆ. ಆ ಗೋಡೆ ಬಿಸಿ ಇತ್ತು ಟಿಲ್ಲೀ! ಅಂಗೈ ಇಡೋಕೆ ಆಗ್ತಿರಲಿಲ್ಲ. ಆ ಕಡೆ ಕಲ್ಲಿದ್ದಲು ಹೊತ್ತಿಕೊಂಡಿತ್ತು. ಒಡೆದಿದ್ದರೆ ಆ ಹೊಗೆ ನಮ್ಮ ಮೇಲೆ ಬರ್ತಿತ್ತು. ಹನ್ನೊಂದು ಜನ ಇದ್ದೆವು. ಅಮ್ಮ, ಅಪ್ಪ, ಮೇಲಿನ ಮನೆಯ ಎಳೆ ಮಗು… ನಿನ್ನನ್ನೂ ಸೇರಿಸಿ. ಇವತ್ತು ಕೇಕು ತಿಂತಾ ಕೂತಿದ್ದೀಯಲ್ಲ, ಅದು ಯಾರು ಕೊಟ್ಟ ಜೀವ? ನನ್ನ ಅಪ್ಪಣೆ ಇಲ್ಲದೆ ಗೋಡೆ ಮುಟ್ಟೋ ಹಾಗಿಲ್ಲ ಅಂತ ನಿಯಮ. ನಾನು ಅಪ್ಪಣೆ ಕೊಡಲಿಲ್ಲ. ಉಳಿದವರು ಯಾರಾದರೂ ಏನಾದರೂ ಅಂದರಾ? ಅಮ್ಮ ಜಪಸರ ಎಣಿಸ್ತಾ ಕೂತಿದ್ದಳು. ಅಪ್ಪ ಬೂಟಿನ ದಾರ ಕಟ್ಟಿದರು, ಬಿಚ್ಚಿದರು, ಮತ್ತೆ ಕಟ್ಟಿದರು. ಇಪ್ಪತ್ತೈದು ವರ್ಷ ಒಬ್ಬರೂ ಬಾಯಿ ಬಿಡಲಿಲ್ಲ. ಮನೆ ಕಟ್ಟಿದರು, ಕಿಟಕಿಗೆ ಪರದೆ ಹಾಕಿದರು, ಮಕ್ಕಳನ್ನ ಓದಿಸಿದರು. ಮರ್ಯಾದಸ್ಥರು ಹಾಗೇ ಬದುಕೋದು. ನೀನೊಬ್ಬಳು ಮಾತ್ರ…

ಕೊನೆಯ ಸಲ ಕೇಳ್ತೀನಿ. ಈ ನಾಲ್ಕು ಸಾಲು ಹೇಳ್ತೀಯೋ ಇಲ್ಲವೋ? ಆಸ್ಪತ್ರೆಯಲ್ಲಿ ಡಾಕ್ಟರು ಈಗಲೂ ನಮ್ಮವರ ಸ್ನೇಹಿತರು. ನಾನು ಒಂದು ಫೋನ್ ಮಾಡಿದರೆ ಸಾಕು. ಒಂದೇ ಒಂದು ಫೋನ್.

ಹೆದರೋಲ್ಲವಾ?

ಏನಾದರೂ ಹೇಳು… ಟಿಲ್ಲೀ? ಹೂಂ ಅನ್ನು. ಇಲ್ಲ ಅನ್ನು. ಬಯ್ಯಿ ಬೇಕಾದರೆ.

ಸದ್ದು ಬಂತು ಅಂತ ಆ ಮೇಷ್ಟ್ರ ಹತ್ತಿರ ಹೇಳ್ತೀಯಾ? ಹೋಗಿ ಹೇಳು! ಬಂತು, ನಿಂತೂ ಹೋಯಿತು ಅನ್ನು. ಎಷ್ಟು ಹೊತ್ತು ಇತ್ತು? ಇಪ್ಪತ್ತು ನಿಮಿಷವೂ ಇರಲಿಲ್ಲ. ಆಮೇಲೆ ತಟಕ್ಕನೆ ನಿಂತಿತು…

ಯಾಕೆ ಹಾಗೆ ನೋಡ್ತೀ?

ಯಾಕೆ ನಿಂತಿತು ಅಂದರೆ… ಸತ್ತರು, ನಿಂತಿತು. ಇನ್ನೇನು? ನೀನು ಅಮ್ಮನ ಮಡಿಲಲ್ಲಿ ಮುಖ ಮುಚ್ಚಿಕೊಂಡಿದ್ದೆ. ನಿನಗೆ ಏನೂ ಕಂಡಿರಲಿಲ್ಲ. ಕಂಡಿತ್ತಾ? ಟಿಲ್ಲೀ, ನೀನು ನೋಡಿದ್ದೆಯಾ?… ಇಷ್ಟು ವರ್ಷ ಗೊತ್ತಿದ್ದೂ ಸುಮ್ಮನಿದ್ದೆಯಾ?

ಮಾತಾಡೇ!

ಗೋಡೆಯ ಆ ಕಡೆಯಿಂದ ಅವರು ಬಡಿಯೋ ಸದ್ದಿಗೆ ಎಲ್ಲರಿಗೂ ಹುಚ್ಚು ಹಿಡಿಯೋದರಲ್ಲಿತ್ತು. ಒಬ್ಬರು ಎದ್ದಿದ್ದರೆ ಹನ್ನೊಂದು ಜನವೂ ಎದ್ದು ಗೋಡೆಗೆ ಬೀಳ್ತಿದ್ದರು. ಹೇಗಾದರೂ ನಿಲ್ಲಿಸಬೇಕಿತ್ತು. ನಾನು… ಎದ್ದು ಹೋದೆ. ಬೆರಳಲ್ಲಿ ಮದುವೆ ಉಂಗುರ ಇತ್ತು. ಅದರಿಂದ ಇಟ್ಟಿಗೆಗೆ ತಟ್ಟಿದೆ. ಎರಡೇ ಸಲ. ಟಕ್… ಟಕ್. ಆ ಕಡೆ ಯಾರೋ ಜೋರಾಗಿ ಅತ್ತರು, ಸಂತೋಷಕ್ಕೆ. "ಕೇಳಿಸಿತು! ಅವರಿಗೆ ಕೇಳಿಸಿತು!" ಅಂತ.

ಆಮೇಲೆ ಸುಮ್ಮನಾದರು. ಕಾಯ್ತಾ ಕೂತರು.