ಏಕಾಂತಯ್ಯನ ಕಾದಂಬರಿಯ ಕೊನೆಯ ಹಾಳೆಗಳು

ಅಧ್ಯಕ್ಷರೇ, ಮೈಸೂರಿನಿಂದ ದಯಮಾಡಿಸಿರುವ ವಿಮರ್ಶಕರೇ, ಮುಂದಿನ ಸಾಲಿನಲ್ಲಿ ಕುಳಿತಿರುವ ಗುರುಸಿದ್ದಮ್ಮನವರೇ, ತಿಪಟೂರಿನ ಸಭಿಕರೇ,

'ಹೆಡೆಮಟ್ಟೆ' ಕಾದಂಬರಿಗೆ ರಾಜ್ಯದ ಬಹುಮಾನ ಬಂದ ಸಂತೋಷಕ್ಕೆ ಈ ಸಭೆ. ಬರೆದ ಏಕಾಂತಯ್ಯ ಎಪ್ಪತ್ತೊಂಬತ್ತನೇ ಇಸವಿಯಲ್ಲೇ ತೀರಿಕೊಂಡ, ಐದು ವರ್ಷವಾಯಿತು. ಹಸ್ತಪ್ರತಿಯನ್ನು ಬೆಳಕಿಗೆ ತಂದವನೆಂದು ನನಗೆ ಶಾಲು ಹೊದಿಸಿದ್ದೀರಿ. ಬೆವರು ಬರುತ್ತಿದೆ. ಏಕೆಂದು ಹೇಳುತ್ತೇನೆ.

ಏಕಾಂತಯ್ಯ ಬಿಳಿಗೆರೆಯವನು, ಹೈಸ್ಕೂಲಿನಲ್ಲಿ ನನ್ನ ಪಕ್ಕ ಕೂರುತ್ತಿದ್ದವನು. ನಾನು ಕನ್ನಡ ಮೇಷ್ಟ್ರಾದೆ. ಅವನು ಮಂಡಿಯಲ್ಲಿ ಕೊಬ್ಬರಿ ತೂಗಲು ನಿಂತ. ಹಗಲೆಲ್ಲ ತೂಗಿ ಬಂದವನು ಹನ್ನೊಂದು ವರ್ಷ ಬರೆದ. ಏನನ್ನು ಬರೆದ? ಕಾಯಿ ಸುಲಿಯುವ ಕೆಂಪಕ್ಕನೆಂಬ ಹೆಂಗಸಿನ ಕಥೆಯನ್ನು. ಮೂವರು ಪ್ರಕಾಶಕರು ಹಿಂದಿರುಗಿಸಿದರು. ಒಬ್ಬರಂತೂ, "ಕಾಯಿ ಸುಲಿಯೋರ ಕತೆ ಯಾರ್ರೀ ಓದ್ತಾರೆ?" ಎಂದರಂತೆ.

ಕೊನೆಗೆ ನನಗೆ ತಂದುಕೊಟ್ಟ. ಪಂಡಿತನಲ್ಲವೇ ನಾನು! ಎರಡು ವರ್ಷ ನನ್ನ ಬೀರುವಿನಲ್ಲಿತ್ತು. ಸಿಕ್ಕಾಗಲೆಲ್ಲ, "ಓದಿದ್ಯೇನ್ಲಾ ಕರಿಬಸವಾ?" ಎನ್ನುತ್ತಿದ್ದ. ಒಂದು ದಿನ ನಾಚಿಕೆಯಾಗಿ, "ಓದ್ದೆ ಕಣಪ್ಪ, ಚೆನ್ನಾಗೈತೆ. ಕೊನೆ ವಸಿ ಉದ್ದ ಆಯ್ತು," ಎಂದೆ.

ಸಭಿಕರೇ, ನಾನು ಒಂದು ಪುಟವನ್ನೂ ತೆರೆದಿರಲಿಲ್ಲ.

ಅವನ ಮುಖ ಅರಳಿತು. "ನೀನೊಬ್ಬ ಓದ್ದಲ್ಲ, ಸಾಕು ಬುಡು," ಎಂದು, ನಾನು ಬೀರುವಿನಿಂದ ತೆಗೆದುಕೊಟ್ಟ ಪ್ರತಿಯನ್ನು ಎದೆಗವಚಿಕೊಂಡು ಹೋದ.

ಮರುವರ್ಷ ಅವನು ತೀರಿಕೊಂಡ. ಅವನ ಹೆಂಡತಿ ಗುರುಸಿದ್ದಮ್ಮನವರು ಪ್ರತಿಯನ್ನು ನನ್ನ ಕೈಗಿಟ್ಟು, "ಕೊನೆ ಉದ್ದ ಆಯ್ತು ಅಂದ್ರಲ್ಲ ಮೇಷ್ಟ್ರೇ, ಕೊನೇ ಮೂವತ್ತು ಹಾಳೇನ ಅವತ್ತೇ ಒಲೆಗಾಕ್ಬುಟ್ರು ಕಣ್ರೀ," ಎಂದರು.

ಅಂದು ಓದಲು ಕುಳಿತೆ. ಊಟಕ್ಕೂ ಏಳಲಿಲ್ಲ. ಮುಗಿಸಿ ಅತ್ತೆ. ಆಮೇಲೆ ಪ್ರಕಾಶಕರ ಮನೆಗಳಿಗೆ ಅಲೆದವನು ನಾನೇ, ಅದು ನಿಜ. ಆದರೆ ಬದುಕಿದ್ದಾಗ ಓದದವನಿಗೆ ಸತ್ತ ಮೇಲೆ ಅಲೆದದ್ದಕ್ಕೆ ಸನ್ಮಾನವೇ?

ಕೆಂಪಕ್ಕ ಹುಳಿಯಾರಿನ ಬಸ್ಸು ಹತ್ತುವಲ್ಲಿಗೆ ಪುಸ್ತಕ ಮುಗಿಯುತ್ತದೆ. ಎಂಥ ಸಂಯಮ ಎಂದು ಈಗತಾನೇ ವಿಮರ್ಶಕರು ಹೊಗಳಿದರು. ಸ್ವಾಮಿ, ಆ ಸಂಯಮ ನನ್ನ ಸುಳ್ಳಿನ ಫಲ.

ಮೊನ್ನೆ ಗುರುಸಿದ್ದಮ್ಮನವರ ಮುಂದೆ ಒಪ್ಪಿಕೊಂಡೆ. ಬೈಯುತ್ತಾರೆಂದುಕೊಂಡಿದ್ದೆ. ಅವರೋ, "ಬರ್ದಂಗೆಲ್ಲ ನಂಗೆ ಓದಿ ಯೋಳೋರು. ನಂಗೊಂದೂ ಮರ್ತಿಲ್ಲ," ಎಂದರು.

ಬಸ್ಸು ಹತ್ತಿದ ಕೆಂಪಕ್ಕ ಎಲ್ಲಿ ಇಳಿದಳು, ಇಳಿದು ಏನು ಮಾಡಿದಳು ಎಂಬುದನ್ನು ಈಗ ಅವರೇ ಹೇಳುತ್ತಾರೆ. ನಾನೂ ಇನ್ನೂ ಕೇಳಿಲ್ಲ. ಬನ್ನಿ ತಾಯಿ, ಮೈಕಿನ ಹತ್ತಿರ ಬನ್ನಿ.

ಇಷ್ಟು ಕೇಳಿಸಿಕೊಂಡ ನಿಮ್ಮೆಲ್ಲರಿಗೂ ಕೃತಜ್ಞ. ನಮಸ್ಕಾರ.